ಗಡ್ಡದ ಓತಿ: ಗಂಡೋ ಹೆಣ್ಣೋ?

ಮಹಾನಗರಗಳಲ್ಲಿ ನೆಲೆಸಿರುವ ನಮ್ಮಂಥವರ ಮನೆಗಳಿಗೆ ಅಂಗಳವಿಲ್ಲ, ಹಿತ್ತಿಲಿಲ್ಲ. ದನಕರುಗಳ ಮಾತು ಹಾಗಿರಲಿ, ಒಂದು ನಾಯಿಯನ್ನು ಸಾಕಬೇಕೆಂದರೂ ನೆರೆಹೊರೆಯವರ ಮನಸ್ಸನ್ನು ನೋಡಬೇಕಾಗುತ್ತದೆ. ಆದರೆ ಮಕ್ಕಳ ಪ್ರಾಣಿಪ್ರೀತಿ ಇಂಥ ಅಡ್ಡಿಗಳನ್ನು ಅರಿಯದು. ಆದಕಾರಣ ಬೊಗಳದೆ, ಕೂಗದೆ, ಗಾಜಿನ ಪೆಟ್ಟಿಗೆಯೊಂದರಲ್ಲಿ ತಣ್ಣಗೆ ಬಾಳುವ ಪ್ರಾಣಿಗಳು ಈಗ ಕೆಲವು ಫ್ಲ್ಯಾಟುಗಳನ್ನು ಪ್ರವೇಶಿಸಿವೆ. ಅವುಗಳಲ್ಲಿ ಒಂದು ಬಿಯರ್ಡೆಡ್ ಡ್ರ್ಯಾಗನ್. ನಮ್ಮ ಮಾತಿನಲ್ಲಿ ಅದನ್ನು ಗಡ್ಡದ ಓತಿ ಎಂದು ಕರೆಯೋಣ.

ಮನೆಗೆ ಬಂದ ಓತಿಗೆ ಹೆಸರಿಡುವ ಸಂಭ್ರಮದಲ್ಲಿ ಮಕ್ಕಳು ಕೇಳುವ ಮೊದಲ ಪ್ರಶ್ನೆ, ಇದು ಗಂಡೋ ಹೆಣ್ಣೋ ಎಂಬುದು. ಹಿರಿಯರು ಇದನ್ನು ಮಕ್ಕಳಾಟವೆಂದು ತಳ್ಳಿಹಾಕುವುದುಂಟು. ವಾಸ್ತವವಾಗಿ ಆ ಪ್ರಾಣಿಯ ಪ್ರಾಣವೇ ಈ ಪ್ರಶ್ನೆಯ ಉತ್ತರವನ್ನು ಅವಲಂಬಿಸಿರಬಹುದು. ಪ್ರಸ್ತುತ ಲೇಖಕನು ಪ್ರಾಣಿವೈದ್ಯನಲ್ಲ. ವಾಣಿಜ್ಯಶಾಸ್ತ್ರವನ್ನು ಓದಿ ಬ್ಯಾಂಕಿನಲ್ಲಿ ದುಡಿಯುವವನು. ಓದಿ ತಿಳಿದುದನ್ನು ಗೃಹಸ್ಥರಿಗೆ ಉಪಯೋಗವಾಗುವಂತೆ ಕ್ರಮವಾಗಿ ನಿರೂಪಿಸುವುದಷ್ಟೇ ಇಲ್ಲಿಯ ಉದ್ದೇಶ.

ಪ್ರಾಣಿಯ ಪರಿಚಯ

ಗಡ್ಡದ ಓತಿಯ ತವರು ಆಸ್ಟ್ರೇಲಿಯಾ ಖಂಡದ ಒಳನಾಡಿನ ಒಣ ಪ್ರದೇಶ. ಇದರ ಶಾಸ್ತ್ರೀಯ ನಾಮ ಪೊಗೋನಾ ವಿಟ್ಟಿಸೆಪ್ಸ್. ಬಾಲವೂ ಸೇರಿ ಪ್ರಾಯದ ಪ್ರಾಣಿಯ ಉದ್ದ ಸುಮಾರು 45ರಿಂದ 60 ಸೆಂಟಿಮೀಟರ್. ಚೆನ್ನಾಗಿ ಸಾಕಿದರೆ ಹತ್ತು ವರ್ಷಗಳವರೆಗೂ ಬಾಳಬಲ್ಲುದು. ಗಂಟಲಿನ ಕೆಳಗಿನ ಮುಳ್ಳುಮುಳ್ಳಾದ ಚರ್ಮವನ್ನು ಅದು ಉಬ್ಬಿಸಿದಾಗ ಗಡ್ಡ ಬಿಟ್ಟಂತೆ ಕಾಣುವುದರಿಂದ ಈ ಹೆಸರು ಬಂದಿದೆ.

ನಮ್ಮ ಊರಿನ ಬೇಲಿಯ ಮೇಲೆ ತಲೆಯಾಡಿಸುತ್ತ ಕುಳಿತಿರುವ ಓತಿಕ್ಯಾತ ಇದರ ದೂರದ ಬಂಧು. ಎರಡೂ ಒಂದೇ ಕುಟುಂಬಕ್ಕೆ ಸೇರಿದವು. ಓತಿಕ್ಯಾತಕ್ಕೆ ಬೇಲಿ ಸಾಕ್ಷಿ ಎಂಬ ಗಾದೆಯನ್ನು ಬಲ್ಲ ನಮಗೆ ಈ ವಿದೇಶಿ ಪ್ರಾಣಿ ಅಷ್ಟೇನೂ ಅಪರಿಚಿತವಾಗಿ ತೋರಬೇಕಾಗಿಲ್ಲ.

ತಿಳಿಯುವ ಅಗತ್ಯವೇನು?

ಮೊದಲನೆಯದಾಗಿ, ಪ್ರಾಯಕ್ಕೆ ಬಂದ ಎರಡು ಗಂಡುಗಳನ್ನು ಒಂದೇ ಪೆಟ್ಟಿಗೆಯಲ್ಲಿಟ್ಟರೆ ಅವು ಕಚ್ಚಾಡಿ ಗಾಯಗೊಳ್ಳುತ್ತವೆ. ಇದರ ಬಾಲ ತುಂಡಾದರೆ ನಮ್ಮ ಮನೆಯ ಹಲ್ಲಿಯ ಬಾಲದಂತೆ ಮತ್ತೆ ಬೆಳೆಯುವುದಿಲ್ಲ.

ಎರಡನೆಯದಾಗಿ, ಗಂಡು ಹೆಣ್ಣುಗಳನ್ನು ಸದಾ ಒಟ್ಟಿಗೆ ಇರಿಸಿದರೆ ಗಂಡಿನ ಎಡೆಬಿಡದ ಕಾಟದಿಂದ ಹೆಣ್ಣು ಸೊರಗುತ್ತದೆ. ಒಂದು ಸಲಕ್ಕೆ ಹದಿನೈದರಿಂದ ಮೂವತ್ತರವರೆಗೆ ಮೊಟ್ಟೆಗಳನ್ನಿಡುವ ಪ್ರಾಣಿಯ ಶರೀರ ಅಷ್ಟನ್ನು ಮೇಲಿಂದ ಮೇಲೆ ತಾಳಲಾರದು. ಒಂದೊಂದನ್ನೂ ಬೇರೆ ಬೇರೆಯಾಗಿ ಸಾಕುವುದೇ ಕ್ಷೇಮಕರ.

ಮೂರನೆಯದು ಎಲ್ಲಕ್ಕಿಂತ ಮುಖ್ಯ. ಗಂಡಿನ ಮುಖವನ್ನೇ ನೋಡದ ಹೆಣ್ಣು ಓತಿಯೂ ಕೋಳಿಯಂತೆ ಬರಿಮೊಟ್ಟೆಗಳನ್ನು ಇಡಬಲ್ಲುದು. ಗಂಡೆಂದು ಭಾವಿಸಿ ಸಾಕಿದ ಪ್ರಾಣಿ ಒಂದು ದಿನ ಆಹಾರವನ್ನು ಬಿಟ್ಟು ಪೆಟ್ಟಿಗೆಯ ಮೂಲೆಯನ್ನು ಕೆರೆಯತೊಡಗಿದರೆ ಮನೆಯವರಿಗೆ ಕಾರಣವೇ ಹೊಳೆಯದು. ಅಗೆಯಲು ಮಣ್ಣಿಲ್ಲದೆ, ಶರೀರದಲ್ಲಿ ಸಾಕಷ್ಟು ಸುಣ್ಣದ ಅಂಶವಿಲ್ಲದೆ, ಮೊಟ್ಟೆಗಳು ಒಳಗೇ ಸಿಕ್ಕಿಕೊಂಡು ಪ್ರಾಣಿ ಸಾಯುವ ಸಂಭವವೂ ಉಂಟು. ಲಿಂಗವನ್ನು ಮುಂಚಿತವಾಗಿ ತಿಳಿದವರು ಇದನ್ನು ತಡೆಯಬಲ್ಲರು.

ಪರೀಕ್ಷೆಯ ಕ್ರಮ

ಸಣ್ಣ ಮರಿಗಳ ಲಿಂಗವನ್ನು ಹೊರನೋಟದಿಂದ ಹೇಳುವುದು ಬಹಳ ಕಷ್ಟ. ಆರು ತಿಂಗಳು ತುಂಬುವ ಮೊದಲು ಅಂಗಡಿಯವನು ಹೇಳಿದ ಮಾತನ್ನು ಖಚಿತವೆಂದು ಭಾವಿಸಲಾಗದು. ವರ್ಷ ತುಂಬುವ ಹೊತ್ತಿಗೆ ಗುರುತುಗಳು ಸಾಮಾನ್ಯವಾಗಿ ಸ್ಪಷ್ಟವಾಗಿರುತ್ತವೆ.

ಓತಿಯನ್ನು ಸಮತಟ್ಟಾದ ಜಾಗದಲ್ಲಿಟ್ಟು, ಒಂದು ಅಂಗೈಯನ್ನು ಹೊಟ್ಟೆಯ ಅಡಿಗೆ ಆಧಾರವಾಗಿ ಕೊಡಬೇಕು. ಮತ್ತೊಂದು ಕೈಯಿಂದ ಬಾಲವನ್ನು ಬುಡದ ಸಮೀಪದಲ್ಲಿ ಹಿಡಿದು ಮೆಲ್ಲನೆ ಮೇಲಕ್ಕೆತ್ತಬೇಕು. ಪ್ರಾಣಿ ಪ್ರತಿಭಟಿಸಿದರೆ ಅಲ್ಲಿಗೇ ನಿಲ್ಲಿಸತಕ್ಕದ್ದು. ಬಾಲವನ್ನು ಬೆನ್ನಿನ ಕಡೆಗೆ ಮಡಿಸಿದರೆ ಬೆನ್ನೆಲುಬಿಗೆ ಪೆಟ್ಟಾಗುತ್ತದೆ.

ಬಾಲದ ಬುಡದಲ್ಲಿ, ಅಡಿಭಾಗದಲ್ಲಿ, ಅಡ್ಡಲಾಗಿ ಒಂದು ಸೀಳು ಕಾಣುತ್ತದೆ. ಮಲಮೂತ್ರಗಳಿಗೂ ಸಂತಾನಕ್ಕೂ ಇದೊಂದೇ ದ್ವಾರ. ಈ ಸೀಳಿನಿಂದ ಬಾಲದ ತುದಿಯ ಕಡೆಗೆ ಇರುವ ಭಾಗವನ್ನು ಗಮನಿಸಬೇಕು. ಗಂಡಿನ ಜನನಾಂಗ ಜೋಡಿಯಾಗಿದ್ದು ಬಾಲದ ಬುಡದೊಳಗೆ ಅಡಗಿರುವುದರಿಂದ, ಅಲ್ಲಿ ಎಡಕ್ಕೊಂದು ಬಲಕ್ಕೊಂದು ಉದ್ದನೆಯ ಉಬ್ಬುಗಳೂ ನಡುವೆ ಕಾಲುವೆಯಂಥ ತಗ್ಗೂ ತೋರುತ್ತವೆ. ಹೆಣ್ಣಿನಲ್ಲಿ ಇಂಥ ಜೋಡಿ ಉಬ್ಬುಗಳಿರುವುದಿಲ್ಲ. ನಟ್ಟನಡುವೆ ಒಂದೇ ಮೆತ್ತನೆಯ ಉಬ್ಬು ಇರಬಹುದು, ಇಲ್ಲವೆ ಆ ಭಾಗ ಸಪಾಟಾಗಿರಬಹುದು. ಎರಡಾದರೆ ಗಂಡು, ಒಂದಾದರೆ ಅಥವಾ ಇಲ್ಲದಿದ್ದರೆ ಹೆಣ್ಣು ಎಂದು ನೆನಪಿಟ್ಟರೆ ಸಾಕು. ಬಾಲದ ಮೇಲ್ಭಾಗದಿಂದ ಸಣ್ಣ ಟಾರ್ಚಿನ ಬೆಳಕನ್ನು ಹಾಯಿಸಿದರೆ ಈ ಉಬ್ಬುಗಳು ನೆರಳಿನಂತೆ ಇನ್ನೂ ಚೆನ್ನಾಗಿ ಕಾಣುತ್ತವೆ.

ಎರಡನೆಯ ಗುರುತು ಹಿಂಗಾಲುಗಳ ತೊಡೆಯ ಅಡಿಭಾಗದಲ್ಲಿದೆ. ಅಲ್ಲಿ ಸಾಲಾಗಿ ಸಣ್ಣ ರಂಧ್ರಗಳಿರುತ್ತವೆ. ಪ್ರಾಯದ ಗಂಡಿನಲ್ಲಿ ಇವು ದೊಡ್ಡವಾಗಿದ್ದು ಮೇಣದಂಥ ವಸ್ತುವಿನಿಂದ ತುಂಬಿರುತ್ತವೆ. ಹೆಣ್ಣಿನಲ್ಲಿ ಚುಕ್ಕೆಗಳಂತೆ ಚಿಕ್ಕವಾಗಿರುತ್ತವೆ. ಗಂಡಿನ ತಲೆ ಅಗಲ, ಬಾಲದ ಬುಡ ದಪ್ಪ.

ನಂಬಲಾಗದ ಗುರುತುಗಳು

ಬ್ಯಾಂಕಿನಲ್ಲಿ ಸಹಿಯೊಂದನ್ನು ಪರಿಶೀಲಿಸುವಾಗ ಒಂದೇ ಅಕ್ಷರದ ಬಳುಕನ್ನು ನಂಬಿ ಚೆಕ್ಕನ್ನು ಪಾಸು ಮಾಡುವುದಿಲ್ಲ. ಇಲ್ಲಿಯೂ ಅದೇ ಎಚ್ಚರ ಬೇಕು. ಗಡ್ಡವಿದ್ದುದರಿಂದ ಗಂಡು ಎಂಬ ತೀರ್ಮಾನ ಸಲ್ಲದು. ಗಡ್ಡ ಎರಡಕ್ಕೂ ಉಂಟು. ಬೆದೆಯ ಕಾಲದಲ್ಲಿ ಗಂಡಿನ ಗಡ್ಡ ಕಡುಗಪ್ಪಾಗುವುದು ನಿಜ. ಆದರೆ ಬೆದರಿದ ಹೆಣ್ಣಿನ ಗಡ್ಡವೂ ಕಪ್ಪಾಗಬಲ್ಲುದು. ವೇಗವಾಗಿ ತಲೆಯಾಡಿಸುವುದು ಹೆಚ್ಚಾಗಿ ಗಂಡಿನ ಲಕ್ಷಣ. ಮುಂಗಾಲೊಂದನ್ನು ಎತ್ತಿ ನಿಧಾನವಾಗಿ ಬೀಸುವುದು ಶರಣಾಗತಿಯ ಸಂಕೇತ. ಅದನ್ನು ಗಂಡು, ಹೆಣ್ಣು, ಮರಿ ಎಲ್ಲವೂ ಮಾಡುತ್ತವೆ. ಎರಡು ಮೂರು ಗುರುತುಗಳು ಹೊಂದಿ ಬಂದ ಮೇಲೆಯೇ ನಿರ್ಧಾರಕ್ಕೆ ಬರುವುದು ಲೇಸು. ಸಂದೇಹ ಉಳಿದರೆ ಸರೀಸೃಪಗಳನ್ನು ಬಲ್ಲ ಪಶುವೈದ್ಯರಲ್ಲಿಗೆ ಒಯ್ಯಬೇಕೇ ಹೊರತು ಕಡ್ಡಿ ತೂರಿಸಿ ನೋಡುವಂಥ ಸಾಹಸಗಳನ್ನು ಮನೆಯಲ್ಲಿ ಮಾಡಬಾರದು.

ಬಿಸಿಯಿಂದ ಬದಲಾಗುವ ಲಿಂಗ

ಮನುಷ್ಯರಲ್ಲಿ ಮಗು ಗಂಡಾಗುವುದೋ ಹೆಣ್ಣಾಗುವುದೋ ಎಂಬುದು ತಂದೆಯಿಂದ ಬರುವ ವರ್ಣತಂತುವನ್ನು ಅವಲಂಬಿಸಿದೆ. ಹೆಣ್ಣು ಹೆತ್ತಳೆಂದು ತಾಯಿಯನ್ನು ದೂರುವವರು ಇದನ್ನು ಮನಸ್ಸಿಗೆ ತಂದುಕೊಳ್ಳಬೇಕು. ಗಡ್ಡದ ಓತಿಯಲ್ಲಿಯಾದರೋ ಪಕ್ಷಿಗಳಲ್ಲಿರುವಂತೆ ತಾಯಿಯ ವರ್ಣತಂತುವೇ ನಿರ್ಣಾಯಕ. ಗಂಡಿನಲ್ಲಿ ಎರಡು ಝಡ್ ವರ್ಣತಂತುಗಳು, ಹೆಣ್ಣಿನಲ್ಲಿ ಒಂದು ಝಡ್ ಮತ್ತೊಂದು ಡಬ್ಲ್ಯೂ.

ಆದರೆ ಪ್ರಕೃತಿ ಈ ಲೆಕ್ಕವನ್ನು ತಾನೇ ತಿದ್ದುವುದುಂಟು. ಮೊಟ್ಟೆಗಳು ಸುಮಾರು 34 ಡಿಗ್ರಿ ಸೆಲ್ಸಿಯಸ್ ಅಥವಾ ಅದಕ್ಕೂ ಮೀರಿದ ಶಾಖದಲ್ಲಿ ಬೆಳೆದರೆ, ಎರಡು ಝಡ್ ಇದ್ದು ಗಂಡಾಗಬೇಕಾಗಿದ್ದ ಮರಿಗಳಲ್ಲಿ ಹಲವು ಹೆಣ್ಣಾಗಿ ಹೊರಬರುತ್ತವೆಂದು ಆಸ್ಟ್ರೇಲಿಯಾದ ವಿಜ್ಞಾನಿಗಳು 2007ರಲ್ಲಿ ತೋರಿಸಿದರು. ಇದು ಪ್ರಯೋಗಾಲಯದ ಮಾತಷ್ಟೇ ಅಲ್ಲ. 2015ರಲ್ಲಿ ನೇಚರ್ ಪತ್ರಿಕೆಯಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಕಾಡಿನಿಂದ ಹಿಡಿದು ಪರೀಕ್ಷಿಸಿದ 131 ಓತಿಗಳ ಪೈಕಿ 11 ಪ್ರಾಣಿಗಳು ಗಂಡಿನ ವರ್ಣತಂತುಗಳನ್ನು ಹೊತ್ತ ಹೆಣ್ಣುಗಳಾಗಿದ್ದವು. ಇಂಥ ಹೆಣ್ಣುಗಳು ಬಂಜೆಯಲ್ಲ. ಫಲವತ್ತಾದ ಮೊಟ್ಟೆಗಳನ್ನೇ ಇಡುತ್ತವೆ. ಇವು ಸಾಮಾನ್ಯ ಗಂಡಿನೊಡನೆ ಕೂಡಿದಾಗ ಹುಟ್ಟುವ ಮರಿಗಳಲ್ಲಿ ಡಬ್ಲ್ಯೂ ಇರುವುದೇ ಇಲ್ಲ. ಅವುಗಳ ಲಿಂಗವನ್ನು ಶಾಖವೊಂದೇ ನಿರ್ಧರಿಸುತ್ತದೆ. ಭೂಮಿಯ ತಾಪ ಏರುತ್ತಿರುವ ಈ ಕಾಲದಲ್ಲಿ ಇದು ಚಿಂತನೆಗೆ ಯೋಗ್ಯವಾದ ಸಂಗತಿ.

ಸಾಕುವವರು ಇದರಿಂದ ಗ್ರಹಿಸಬೇಕಾದುದು ಇಷ್ಟೆ: ವರ್ಣತಂತು ಯಾವುದಾದರೂ ಇರಲಿ, ಶರೀರ ಹೆಣ್ಣಿನದಾದರೆ ಅದು ಮೊಟ್ಟೆಯಿಡುತ್ತದೆ, ಹೆಣ್ಣಿಗೆ ಬೇಕಾದ ಆರೈಕೆಯೇ ಅದಕ್ಕೂ ಬೇಕು.

ಹೆಣ್ಣೆಂದು ತಿಳಿದ ಮೇಲೆ

ಪ್ರಾಯಕ್ಕೆ ಬಂದ ಹೆಣ್ಣಿಗೆ ತೇವವಾದ ಮರಳುಮಣ್ಣನ್ನು ಒಂದು ಗೇಣಿಗೂ ಹೆಚ್ಚು ಆಳಕ್ಕೆ ತುಂಬಿದ ಡಬ್ಬವೊಂದನ್ನು ಒದಗಿಸಬೇಕು. ಆಹಾರದ ಮೇಲೆ ಸುಣ್ಣದ ಅಂಶವುಳ್ಳ ಪುಡಿಯನ್ನು ವೈದ್ಯರು ಹೇಳಿದ ಪ್ರಮಾಣದಲ್ಲಿ ಉದುರಿಸಬೇಕು. ಆ ಸುಣ್ಣ ಮೈಗೆ ಹತ್ತಬೇಕಾದರೆ ಅತಿನೇರಳೆ ಕಿರಣಗಳು ಬೇಕು. ಕಿಟಕಿಯ ಗಾಜಿನ ಮೂಲಕ ಬೀಳುವ ಬಿಸಿಲಿನಲ್ಲಿ ಉಪಯುಕ್ತವಾದ ಕಿರಣಗಳು ಬಹುಮಟ್ಟಿಗೆ ತಡೆಯಲ್ಪಡುವುದರಿಂದ, ಫ್ಲ್ಯಾಟಿನಲ್ಲಿ ಸಾಕುವವರು ಸರೀಸೃಪಗಳಿಗೆಂದೇ ತಯಾರಾದ ದೀಪವನ್ನು ಅಳವಡಿಸುವುದು ಅವಶ್ಯಕ. ಹೊಟ್ಟೆಯಲ್ಲಿ ಗೋಲಿಗಳಂಥ ಗಂಟುಗಳು ಕೈಗೆ ಸಿಗುತ್ತಿದ್ದು, ಪ್ರಾಣಿ ತಿಣುಕುತ್ತಿದ್ದರೆ, ಮಂಕಾಗಿದ್ದರೆ ಅಥವಾ ಹಿಂಗಾಲು ಎಳೆಯುತ್ತಿದ್ದರೆ ನಾಳೆ ನೋಡೋಣವೆನ್ನದೆ ಅಂದೇ ವೈದ್ಯರ ಬಳಿಗೆ ಧಾವಿಸಬೇಕು.

ಮನೆಯವರ ಆರೋಗ್ಯ

ಆರೋಗ್ಯವಾಗಿ ಕಾಣುವ ಓತಿಯ ಮಲದಲ್ಲಿಯೂ ಸಾಲ್ಮೊನೆಲ್ಲಾ ಎಂಬ ರೋಗಾಣು ಇರಬಹುದು. ಭೇದಿ, ಜ್ವರ, ಹೊಟ್ಟೆನುಲಿತಗಳಿಗೆ ಅದು ಕಾರಣ. ಬಾಲವನ್ನೆತ್ತಿ ಪರೀಕ್ಷಿಸುವಾಗ ಕೈ ಸೋಂಕುವುದು ಆ ಭಾಗಕ್ಕೇ ಆದ್ದರಿಂದ, ಕೆಲಸ ಮುಗಿದೊಡನೆ ಸಾಬೂನು ಹಚ್ಚಿ ಕೈ ತೊಳೆಯತಕ್ಕದ್ದು. ಐದು ವರ್ಷದೊಳಗಿನ ಮಕ್ಕಳು, ವೃದ್ಧರು, ಗರ್ಭಿಣಿಯರು ಹಾಗೂ ರೋಗನಿರೋಧಕ ಶಕ್ತಿ ಕುಂದಿದವರು ಇದನ್ನು ಮುಟ್ಟದಿರುವುದೇ ಒಳ್ಳೆಯದು. ಅಡಿಗೆಮನೆಯ ಮೋರಿಯಲ್ಲಿ ಇದರ ತಟ್ಟೆ, ಪೆಟ್ಟಿಗೆಗಳನ್ನು ತೊಳೆಯಬಾರದು.

ಕಡೆಯದಾಗಿ ಒಂದು ಮಾತು. ಆಸ್ಟ್ರೇಲಿಯಾ ದೇಶ ತನ್ನ ಕಾಡಿನ ಸರೀಸೃಪಗಳನ್ನು ಜೀವಂತವಾಗಿ ವ್ಯಾಪಾರಕ್ಕೆಂದು ಹೊರಗೆ ಕಳುಹಿಸುವುದನ್ನು ನಿಷೇಧಿಸಿದೆ. ಆದುದರಿಂದ ಕೊಳ್ಳುವ ಮುನ್ನ ಪ್ರಾಣಿ ಎಲ್ಲಿ ಹುಟ್ಟಿತು, ಯಾರ ಬಳಿ ಬೆಳೆಯಿತು ಎಂಬುದನ್ನು ರಸೀದಿಯೊಡನೆ ಕೇಳಿ ಪಡೆಯಿರಿ. ಹತ್ತು ವರ್ಷದ ಹೊಣೆಯನ್ನು ಹೊರಲು ಮನೆಯವರೆಲ್ಲರ ಒಪ್ಪಿಗೆ ಇದೆಯೇ ಎಂದು ವಿಚಾರಿಸಿರಿ. ಮಾತು ಬಾರದ ಜೀವ ತನ್ನ ನೋವನ್ನು ಹೇಳಿಕೊಳ್ಳಲಾರದು. ಅದರ ಮೈಯನ್ನು ಓದಿ ತಿಳಿಯುವ ತಾಳ್ಮೆ ಉಳ್ಳವರೇ ಅದನ್ನು ಸಾಕಲು ಅರ್ಹರು.