ಹಾಲ್ ಟಿಕೆಟ್ ಕೈತಪ್ಪುವ ಮುನ್ನ

ಪರೀಕ್ಷೆ ಹತ್ತಿರ ಬಂದಾಗ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಕಾಲೇಜುಗಳಲ್ಲಿ ಹಾಜರಾತಿ ಸಾಲದವರ ‘ಶಾರ್ಟೇಜ್ ಲಿಸ್ಟ್’ ಹೊರಬೀಳುತ್ತದೆ. ಹೆಸರು ಕಂಡವರ ಮನೆಯಲ್ಲಿ ಮೊದಲು ಕೇಳುವ ಮಾತು, ‘ಕೋರ್ಟಿಗೆ ಹೋದರೆ ಆಗುವುದಿಲ್ಲವೇ?’ ಹೋಗಬಹುದು. ಆದರೆ ಹಾಜರಾತಿ ವಿಚಾರದಲ್ಲಿ ಕಾನೂನು ಕೈ ಹಿಡಿಯುವುದು ಹೆಚ್ಚಾಗಿ ಪಟ್ಟಿ ಬೀಳುವ ಮೊದಲು, ನಂತರವಲ್ಲ.

ಮಂಗಳೂರು ವಿಶ್ವವಿದ್ಯಾನಿಲಯದ ಪದವಿ ತರಗತಿಗಳಿಗೆ ಶೇ. 75 ಹಾಜರಾತಿ ಬೇಕು. ವಿಶ್ವೇಶ್ವರಯ್ಯ ತಾಂತ್ರಿಕ ವಿಶ್ವವಿದ್ಯಾಲಯದ (ವಿಟಿಯು) ಅಡಿಯ ಎಂಜಿನಿಯರಿಂಗ್ ಕಾಲೇಜುಗಳಲ್ಲಿ ಶೇ. 85, ಸಕಾರಣವಿದ್ದರೆ ಪ್ರಾಂಶುಪಾಲರ ಶಿಫಾರಸಿನ ಮೇಲೆ ಶೇ. 10ರವರೆಗೆ ಮನ್ನಿಸಲು ಅವಕಾಶವಿದೆ. ಕಾನೂನು ಪದವಿಗೆ ಬಾರ್ ಕೌನ್ಸಿಲ್ 2008ರ ನಿಯಮ ಹೇಳುವುದು ಶೇ. 70. ಸ್ವಾಯತ್ತ ಕಾಲೇಜಿನವರು ತಮ್ಮ ಕಾಲೇಜಿನದೇ ನಿಯಮಾವಳಿ ಓದಬೇಕು.

ಹೆಚ್ಚಿನವರು ಎಡವುವುದು ಒಟ್ಟು ಹಾಜರಾತಿ ನೋಡಿಕೊಂಡು ಸುಮ್ಮನಿರುವುದರಲ್ಲಿ. ಲೆಕ್ಕ ವಿಷಯವಾರು. ಒಳಹಳ್ಳಿಯಿಂದ ಉಜಿರೆಗೆ ಬರುವ ಹುಡುಗಿಗೆ ಬಸ್ ತಡವಾಗಿ ದಿನಾ ತಪ್ಪುವುದು ಮೊದಲ ಪಿರಿಯಡ್ ಒಂದೇ. ಉಳಿದೆಲ್ಲ ಪೂರ್ಣವಿದ್ದರೂ ಆ ವಿಷಯದಲ್ಲಿ ಶಾರ್ಟೇಜ್. ಸೆಮಿಸ್ಟರಿಗೆ 60 ತರಗತಿ ಎಂದಿಟ್ಟುಕೊಳ್ಳಿ, 45 ಬೇಕು. 40 ಮುಗಿದಾಗ 27ಕ್ಕೆ ಬಂದವಳು ಮುಂದಿನ ಇಪ್ಪತ್ತಕ್ಕೂ ಬಂದರೆ ಪಾರಾಗುತ್ತಾಳೆ. 24ಕ್ಕೆ ಬಂದವಳು ಎಲ್ಲಕ್ಕೂ ಬಂದರೂ 44ಕ್ಕೆ ನಿಲ್ಲುತ್ತಾಳೆ. ಹಾಗಾಗಿ ಸೆಮಿಸ್ಟರಿನ ನಡುವಿನಲ್ಲೇ ಲಿಖಿತವಾಗಿ ಹಾಜರಾತಿ ವಿವರ ಕೇಳಿ. ಜಿಲ್ಲಾಧಿಕಾರಿ ಮಳೆರಜೆ ಸಾರಿದ ದಿನ ತರಗತಿಯೇ ನಡೆದಿಲ್ಲ. ಅದನ್ನು ಗೈರು ಎಂದು ಬರೆದಿದ್ದರೆ ಆಗಲೇ ತಿದ್ದಿಸಿ. ಕ್ರೀಡೆ, ಎನ್‌ಎಸ್‌ಎಸ್, ಎನ್‌ಸಿಸಿಗೆ ಕಾಲೇಜೇ ಕಳಿಸಿದ್ದರೆ ಆ ಪತ್ರವನ್ನೂ, ಕಾಯಿಲೆ ಬಿದ್ದಿದ್ದರೆ ವೈದ್ಯರ ಚೀಟಿಯನ್ನೂ ಆ ವಾರದಲ್ಲೇ ಕೊಟ್ಟು, ನಕಲಿನ ಮೇಲೆ ಸೀಲು ಹಾಕಿಸಿಕೊಳ್ಳಿ. ಬಾಯಿಮಾತಿನ ಒಪ್ಪಿಗೆ ಯಾವ ಕಡೆಯೂ ನಿಲ್ಲುವುದಿಲ್ಲ.

ನ್ಯಾಯಾಲಯಗಳು ಏನು ಹೇಳಿವೆ? ಕುರುಕ್ಷೇತ್ರ ವಿಶ್ವವಿದ್ಯಾಲಯದ ಎಲ್‌ಎಲ್‌ಬಿ ವಿದ್ಯಾರ್ಥಿಯೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1975ರಲ್ಲಿ ತೀರ್ಪಿತ್ತಿತು. ಹಾಜರಾತಿ ಕೊರತೆಯಿದ್ದರೂ ವಿಶ್ವವಿದ್ಯಾಲಯ ಅವರನ್ನು ಪರೀಕ್ಷೆಗೆ ಕೂರಿಸಿ, ಆಮೇಲೆ ಅದೇ ಕಾರಣಕ್ಕೆ ಅಭ್ಯರ್ಥಿತನ ರದ್ದು ಮಾಡಿತ್ತು. ಪರಿಶೀಲಿಸುವ ಹೊಣೆ ಪರೀಕ್ಷೆಗೆ ಮೊದಲೇ ವಿಶ್ವವಿದ್ಯಾಲಯದ್ದು; ವಿದ್ಯಾರ್ಥಿ ವಂಚನೆ ಮಾಡದಿರುವಾಗ, ಬರೆಯಲು ಬಿಟ್ಟ ಮೇಲೆ ಹಿಂತೆಗೆಯುವ ಅಧಿಕಾರ ಉಳಿಯುವುದಿಲ್ಲ ಎಂದಿತು ಕೋರ್ಟ್. ಫಲಿತಾಂಶ ತಡೆಹಿಡಿಸಿಕೊಂಡವರಿಗೆ ಇದು ಇಂದಿಗೂ ಗಟ್ಟಿ ಆಧಾರ. ಆದರೆ ಅರ್ಹತೆಯಿಲ್ಲದವರಿಗೆ ಕೋರ್ಟ್ ಆದೇಶದ ಮೂಲಕ ಪರೀಕ್ಷೆ ಬರೆಸುವುದನ್ನು ಅದೇ ಸುಪ್ರೀಂ ಕೋರ್ಟ್ 1998ರ ನಿಖಿಲ್ ಗುಲಾಟಿ ಪ್ರಕರಣದಲ್ಲಿ ಮೆಚ್ಚಲಿಲ್ಲ. ಹಾಜರಾತಿಯ ಕಾರಣಕ್ಕೆ ಕಾನೂನು ವಿದ್ಯಾರ್ಥಿಗಳನ್ನು ಪರೀಕ್ಷೆಯಿಂದ ತಡೆಯಬಾರದೆಂದು ದೆಹಲಿ ಹೈಕೋರ್ಟ್ 2025ರ ನವೆಂಬರಿನಲ್ಲಿ ಹೇಳಿದ್ದನ್ನು ಬಿ.ಎ., ಬಿ.ಕಾಂ.ನವರು ತಮಗೂ ಅನ್ವಯಿಸಿಕೊಳ್ಳುವಂತಿಲ್ಲ.

ಪಕ್ಕದ ಕೇರಳದಲ್ಲಿ 2023ರಲ್ಲಿ ವಿದ್ಯಾರ್ಥಿನಿಯರಿಗೆ ಮುಟ್ಟಿನ ದಿನಗಳ ಕಾರಣ ಶೇ. 73 ಹಾಜರಾತಿ ಸಾಕೆಂದು ಸರ್ಕಾರ ಆದೇಶಿಸಿತು. ನಮ್ಮ ಹೆಣ್ಣುಮಕ್ಕಳಿಗೂ ಅಂಥ ರಿಯಾಯಿತಿ ಸಿಗಬೇಕೆಂಬುದು ನನ್ನ ದೃಢ ಅಭಿಪ್ರಾಯ. ಹೆರಿಗೆಯ ಸಂದರ್ಭದಲ್ಲಿ ಹಾಜರಾತಿ ಸಡಿಲಿಸುವ ನಿಯಮ ರೂಪಿಸುವಂತೆ ವಿಶ್ವವಿದ್ಯಾಲಯ ಅನುದಾನ ಆಯೋಗ (ಯುಜಿಸಿ) 2021ರ ಡಿಸೆಂಬರಿನಲ್ಲೇ ವಿಶ್ವವಿದ್ಯಾಲಯಗಳಿಗೆ ಬರೆದಿದೆ. ಮದುವೆಯಾಗಿ ಓದುತ್ತಿರುವವರು ಅದನ್ನು ಉಲ್ಲೇಖಿಸಿ ಅರ್ಜಿ ಕೊಡಬಹುದು.

ಕಾಲೇಜು ಕಿವಿಗೊಡದಿದ್ದರೆ ಯುಜಿಸಿಯ 2023ರ ನಿಯಮದಂತೆ ವಿದ್ಯಾರ್ಥಿ ಕುಂದುಕೊರತೆ ಪರಿಹಾರ ಸಮಿತಿಗೆ ದೂರು ಕೊಡಿ. ಅದು 15 ಕೆಲಸದ ದಿನಗಳಲ್ಲಿ ವರದಿ ನೀಡಬೇಕು. ಒಪ್ಪಿಗೆಯಾಗದಿದ್ದರೆ 15 ದಿನಗಳೊಳಗೆ ವಿಶ್ವವಿದ್ಯಾಲಯದ ಓಂಬುಡ್ಸ್‌ಪರ್ಸನ್‌ಗೆ ಮೇಲ್ಮನವಿ. ಕೊನೆಯ ದಾರಿ ಹೈಕೋರ್ಟಿನಲ್ಲಿ ರಿಟ್. ದಕ್ಷಿಣ ಕನ್ನಡದವರು ಅದಕ್ಕೆ ಬೆಂಗಳೂರಿಗೇ ಹೋಗಬೇಕು. ಪರೀಕ್ಷೆ ನಾಳೆ ಎನ್ನುವಾಗ ಘಟ್ಟ ಹತ್ತಿ ಪ್ರಯೋಜನವಿಲ್ಲ.

ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ, ಅಂಗವಿಕಲರಿಗೆ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವಿನ ಹಕ್ಕಿದೆ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಕೇಳಿ, ಇಲ್ಲವೇ 15100ಕ್ಕೆ ಕರೆ ಮಾಡಿ.