ಮೂಕಚಿತ್ರಗಳಲ್ಲಿ ಮಕ್ಕಳ ಆಟ

ಚರಿತ್ರೆಯ ಪಾಠಗಳಲ್ಲಿ ಅರಸರ ಹೆಸರುಗಳೂ ಯುದ್ಧಗಳ ಇಸವಿಗಳೂ ಹೇರಳವಾಗಿರುವುವು. ಮಕ್ಕಳು ಹೇಗೆ ಆಡುತ್ತಿದ್ದರೆಂಬುದು ಅಪರೂಪವಾಗಿ ಸಿಕ್ಕುವುದು. ಈ ಕೊರತೆಯನ್ನು ಸ್ವಲ್ಪಮಟ್ಟಿಗೆ ನೀಗಿಸಿದುದು ಫ್ರಾನ್ಸ್ ದೇಶದ ಲಿಯೋನ್ ನಗರದಲ್ಲಿದ್ದ ಅಗಸ್ಟ್ ಮತ್ತು ಲೂಯಿ ಲೂಮಿಯೇರ್ ಸಹೋದರರ ಚಲಚ್ಚಿತ್ರಯಂತ್ರ.

1895ನೆಯ ಇಸವಿ ಡಿಸೆಂಬರ್ 28ರಂದು ಪ್ಯಾರಿಸ್ ನಗರದ ಗ್ರಾಂಡ್ ಕೆಫೆಯಲ್ಲಿ, ಹಣ ಕೊಟ್ಟು ಬಂದ ಪ್ರೇಕ್ಷಕರಿಗೆ ಅವರ ಹತ್ತು ಚಿತ್ರಗಳನ್ನು ತೋರಿಸಲಾಯಿತು. ಒಂದೊಂದೂ ಸುಮಾರು 17 ಮೀಟರ್ ಉದ್ದದ ಸುರುಳಿ; ಕೈಯಿಂದ ತಿರುಗಿಸಿದರೆ ಒಂದು ನಿಮಿಷದೊಳಗೆ ಮುಗಿಯುವುದು. ಅವುಗಳೊಂದರಲ್ಲಿ ಅಗಸ್ಟನ ಶಿಶುಪುತ್ರಿ ಆಂದ್ರೇ ತಂದೆತಾಯಿಗಳ ನಡುವೆ ಕುಳಿತು ಉಣ್ಣುವಳು. ಮತ್ತೊಂದರಲ್ಲಿ ಗಾಜಿನ ಪಾತ್ರೆಯೊಳಗಿನ ಹೊಂಬಣ್ಣದ ಮೀನನ್ನು ಹಿಡಿಯಲು ಕೈಯಿಡುವಳು. ಇನ್ನೊಂದರಲ್ಲಿ ಬಾಲಕರು ಹಲಗೆಯ ಮೇಲೆ ಓಡಿ ಸಮುದ್ರಕ್ಕೆ ಹಾರಿ, ಮೇಲೇರಿ ಬಂದು ಪುನಃ ಹಾರುವರು. 1896ನೆಯ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ನಡೆದ ಪ್ರದರ್ಶನದಲ್ಲಿಯೂ ಸಮುದ್ರಸ್ನಾನದ ಚಿತ್ರವೊಂದಿದ್ದಿತು.

ಇವುಗಳನ್ನು ನೋಡುವಾಗ ನಾವು ವಿವೇಚನೆಯಿಂದಿರಬೇಕು. ತೋಟಗಾರನ ನೀರಿನ ಕೊಳವೆಯನ್ನು ಹುಡುಗನೊಬ್ಬನು ಮೆಟ್ಟಿ ಕೀಟಲೆಮಾಡುವ ಚಿತ್ರವು ಮೊದಲೇ ಹೇಳಿಕೊಟ್ಟು ಆಡಿಸಿದುದು. ಆಂದ್ರೇಯನ್ನು ಬೆಳಕಿನಲ್ಲಿ ನಿಲ್ಲಿಸಿದವರೂ ಹಿರಿಯರೇ. ಆದರೆ ಮೀನಿಗಾಗಿ ಚಾಚಿದ ಆ ಕೈಗೆ ಯಾರೂ ಪಾಠ ಹೇಳಿರಲಿಲ್ಲ.

ಮತ್ತೊಂದು ಸಂಗತಿಯು ನಮ್ಮಂತಹ ಕನ್ಯಾಶಾಲೆಯವರ ಕಣ್ಣಿಗೆ ಬೀಳದಿರದು. ಸಮುದ್ರಕ್ಕೆ ಹಾರುವವರು ಬಾಲಕರು. 1900ರ ಸುಮಾರಿನ ಚಿತ್ರವೊಂದರಲ್ಲಿ ಕಾಣುವ ಪುಟ್ಟ ಬಾಲಕಿಯಾದರೋ ಕುರ್ಚಿಯಲ್ಲಿ ಕುಳಿತು ಬೆಕ್ಕಿಗೆ ತಿನ್ನಿಸುವಳು. ಎರಡು ಚಿತ್ರಗಳಿಂದ ಒಂದು ಕಾಲವನ್ನು ಅಳೆಯಲಾಗದು. ಆದರೂ ಓಡುವವರಾರು, ಕುಳಿತಿರುವವರಾರು ಎಂಬ ಪ್ರಶ್ನೆಯನ್ನು ನಮ್ಮ ಮನೆಯಂಗಳದಲ್ಲಿಯೂ ಕೇಳಿಕೊಳ್ಳುವುದು ಯುಕ್ತ.

ಆಂದ್ರೇ 1918ರಲ್ಲಿ, 24ನೆಯ ವಯಸ್ಸಿನಲ್ಲಿ, ಆಗ ಹಬ್ಬಿದ್ದ ಇನ್‌ಫ್ಲುಯೆಂಜಾ ಜ್ವರದಿಂದ ತೀರಿಕೊಂಡಳು. ತಂದೆಯು 1954ರವರೆಗೆ ಬದುಕಿದ್ದನು. ಲೋಕಕ್ಕೆ ವಿನೋದವಾಗಿದ್ದ ಆ ಸುರುಳಿಯು ಅವನಿಗೆ ಏನಾಗಿದ್ದಿತೆಂಬುದನ್ನು ಮಕ್ಕಳನ್ನು ಸಾಕಿದವರಿಗೆ ವಿವರಿಸಬೇಕಾಗಿಲ್ಲ.

ತಂದೆತಾಯಿಗಳೇ, ಹಳೆಯ ವಿದ್ಯಾರ್ಥಿನಿಯರೇ, ಇಂದು ಚಿತ್ರ ತೆಗೆಯುವ ಯಂತ್ರವು ನಮ್ಮಲ್ಲಿ ಬಹುಮಂದಿಯ ಕೈಯಲ್ಲಿಯೇ ಇರುವುದು. ಹೊಸ ಬಟ್ಟೆ ತೊಡಿಸಿ, ಬಹುಮಾನದ ಬಟ್ಟಲು ಹಿಡಿಸಿ, ಅಲುಗದಂತೆ ನಿಲ್ಲಿಸಿ ತೆಗೆದ ಚಿತ್ರಗಳು ಸಾಕಷ್ಟಿವೆ. ಮಗಳು ಕುಂಟಾಬಿಲ್ಲೆಯಾಡುವಾಗ, ಮರವೇರುವಾಗ, ಮಳೆನೀರಿನಲ್ಲಿ ಕಾಗದದ ದೋಣಿ ಬಿಡುವಾಗ ಅವಳನ್ನು ತಡೆಯದೆ ಒಂದು ನಿಮಿಷ ಚಿತ್ರಿಸಿಡಿರಿ. ಅದಕ್ಕಿಂತ ಮೊದಲು, ಹಾಗೆ ಆಡುವುದಕ್ಕೆ ಅವಳಿಗೆ ಬಿಡುವು ಕೊಡಿರಿ.