ಟೋಕನ್ ಬಂದದ, ರೊಕ್ಕ ಬಂದಿಲ್ಲ

ಮಕ್ತಲ್ ಕಡೆಯ ಕನ್ನಡ ಮಾಧ್ಯಮ ಶಾಲೆಯಲ್ಲಿ ಗಣಿತ ಹೇಳಿ ನಿವೃತ್ತನಾದವನು ನಾನು. ಅಸಲು, ದರ, ಅವಧಿ ಎಂದು ಬೋರ್ಡಿನ ಮೇಲೆ ಎಷ್ಟು ಸಾವಿರ ಸಲ ಬರೆದೆನೋ. ನನ್ನದೇ ರೊಕ್ಕ ನಿಂತಾಗ ಮಾತ್ರ ಆ ಲೆಕ್ಕ ತಲೆಗೆ ಬರಲಿಲ್ಲ.

ತೆಲಂಗಾಣದಲ್ಲಿ 2021ರಲ್ಲಿ ನಿವೃತ್ತಿ ವಯಸ್ಸು 58ರಿಂದ 61ಕ್ಕೆ ಏರಿತು. ಮೂರು ವರ್ಷ ವಯಸ್ಸಾಗಿ ಮನೆಗೆ ಹೋಗುವವರೇ ಇರಲಿಲ್ಲ. 2024ರಲ್ಲಿ ಒಡ್ಡು ಒಡೆದಂತೆ ಎಲ್ಲರೂ ಹೊರಬಂದೆವು, ಟೋಕನ್ ನಂಬರ್ ಹೊತ್ತ ಬಿಲ್ಲುಗಳು ಸಾಲುಗಟ್ಟಿದವು. ತಿಂಗಳ ಪಿಂಚಣಿ ಶುರುವಾಯಿತು. ಗ್ರಾಚ್ಯುಟಿ, ಪಿಂಚಣಿಯ ಒಂದು ಪಾಲನ್ನು ಇಡಿಗಂಟಾಗಿ ಪಡೆಯುವ ಕಮ್ಯುಟೇಶನ್, ರಜೆ ನಗದೀಕರಣ ಮಾತ್ರ ಅಲ್ಲೇ ನಿಂತವು. ನಾನು ಎಡತಾಕುತ್ತಿದ್ದ ಕಚೇರಿಯಲ್ಲಿ ಪ್ರತಿ ಸಲವೂ ಒಂದೇ ಮಾತು: “ಟೋಕನ್ ಬಂದದ ಸರ್, ರೊಕ್ಕ ಬರ್ತದ.” ಅಲ್ಲಿ ಕೂತ ಹುಡುಗ ಒಳ್ಳೆಯವನು, ಚಹಾ ತರಿಸುತ್ತಿದ್ದ. ಚಹಾ ಕುಡಿದು ಎದ್ದು ಬರುತ್ತಿದ್ದೆ. ನಾನು ಏನೂ ಬರೆದುಕೊಡಲಿಲ್ಲ. ತಪ್ಪು ನನ್ನದೇ.

ಗ್ರಾಚ್ಯುಟಿಗೆ ಇಲ್ಲಿ ಮಿತಿ 16 ಲಕ್ಷ, ನನಗೆ ಬರಬೇಕಿದ್ದದ್ದೂ ಅಷ್ಟೇ. ಅಂಚೆ ಕಚೇರಿಯ ಹಿರಿಯ ನಾಗರಿಕರ ಉಳಿತಾಯ ಯೋಜನೆಗೆ ಆಗ 8.2 ಶೇಕಡಾ ಬಡ್ಡಿ. ಅದರಲ್ಲಿ ಇಟ್ಟಿದ್ದರೆ ಮೂರು ತಿಂಗಳಿಗೊಮ್ಮೆ 32,800 ರೂಪಾಯಿ ಕೈಗೆ ಬರುತ್ತಿತ್ತು. ಹಣ ಬಂದದ್ದು 14 ತಿಂಗಳಿಗೆ. ಅಂದರೆ ಒಂದೂವರೆ ಲಕ್ಷದ ಮೇಲೆ ಹೋಯಿತು. ಈ ನಡುವೆ ಮನೆಯ ಮಾಳಿಗೆ ಸೋರಿ, ಹೆಂಡತಿಯ ಬಂಗಾರ ಒತ್ತೆ ಇಟ್ಟೆ. ಅದರ ಬಡ್ಡಿ ಬೇರೆ.

ಸರ್ಕಾರ ಕೊಡುವುದನ್ನು ಕೊಟ್ಟಾಗ ಇಸಿದುಕೊಳ್ಳಬೇಕು ಎಂಬುದು ನಮ್ಮಲ್ಲಿ ಬೇರೂರಿದ ನಂಬಿಕೆ. ಕಾನೂನು ಹಾಗೆ ಹೇಳುವುದಿಲ್ಲ. ಪಿಂಚಣಿ, ಗ್ರಾಚ್ಯುಟಿ ಸರ್ಕಾರದ ಔದಾರ್ಯವಲ್ಲ, ನೌಕರನ ಸ್ವತ್ತು. ಎರಡು ತಿಂಗಳು ದಾಟಿ ತಡಮಾಡಿದರೆ ಮಾರುಕಟ್ಟೆ ದರದ ಬಡ್ಡಿ ತೆರಬೇಕು ಎಂದು ಸುಪ್ರೀಂ ಕೋರ್ಟ್ 1984ರ ಡಿಸೆಂಬರಿನಲ್ಲೇ ಹೇಳಿದೆ. ಕೇರಳದ ಪದ್ಮನಾಭನ್ ನಾಯರ್ ಅವರ ಪ್ರಕರಣ ಅದು. 1973ರ ಮೇ ತಿಂಗಳಲ್ಲಿ ನಿವೃತ್ತರಾದವರಿಗೆ ಹಣ ಸಿಕ್ಕಿದ್ದು 1975ರ ಆಗಸ್ಟಿನಲ್ಲಿ, ಕಾರಣ ಕೊನೆಯ ವೇತನ ಪತ್ರ ಹೊರಡಲಿಲ್ಲ ಎಂಬುದು. ನನಗೆ ಆ ತೀರ್ಪಿನಲ್ಲಿ ಕಣ್ಣು ನಿಂತದ್ದು ಬೇರೆ ಕಡೆ. ಅವರು ಕೇಳಿದ್ದು 12 ಶೇಕಡಾ, ಕೆಳಗಿನ ಕೋರ್ಟು ಕೊಟ್ಟದ್ದು 6. ಅವರು ಅದಕ್ಕೆ ಆಕ್ಷೇಪ ಎತ್ತದೆ ಸುಮ್ಮನಾದರು. ಅಪೀಲು ಹೋದದ್ದು ಸರ್ಕಾರ. ಸೋತದ್ದೂ ಸರ್ಕಾರವೇ. ಆದರೂ ದರ ಏರಿಸಲು ಸುಪ್ರೀಂ ಕೋರ್ಟಿಗೆ ಆಗಲಿಲ್ಲ. ನೀವೇ ಸುಮ್ಮನಿದ್ದಿರಲ್ಲ, ಎಂದಿತು.

ನಿಯಮದಲ್ಲಿ ಬಡ್ಡಿಯ ಮಾತೇ ಇಲ್ಲ ಎನ್ನುವವರಿಗೆ 2008ರ ಎಸ್.ಕೆ. ದುವಾ ತೀರ್ಪು ಉತ್ತರ: ನಿಯಮವಿಲ್ಲದಿದ್ದರೂ ಸಂವಿಧಾನದ ಆಧಾರದ ಮೇಲೆ ಕೇಳಬಹುದು. ಆಸೆಯನ್ನು ಮಾತ್ರ ಅಳತೆಯಲ್ಲಿಡಿ. ಕೋವಿಡ್ ವೇಳೆ ಆಂಧ್ರ ಸರ್ಕಾರ ಸಂಬಳ, ಪಿಂಚಣಿ ಮುಂದೂಡಿದಾಗ ಹೈಕೋರ್ಟ್ ಹಾಕಿದ್ದ 12 ಶೇಕಡಾವನ್ನು 2021ರಲ್ಲಿ ಸುಪ್ರೀಂ ಕೋರ್ಟ್ 6ಕ್ಕೆ ಇಳಿಸಿತು. ನನ್ನ ಲೆಕ್ಕ ಹೀಗೆ: 14ರಲ್ಲಿ ಎರಡು ತಿಂಗಳು ಕಳೆದರೆ ಒಂದು ವರ್ಷ. 12ರಂತೆ 1,92,000, 6ರಂತೆ 96,000. ಗೆದ್ದರೂ ಕಳಕೊಂಡದ್ದೆಲ್ಲ ಬರದೆ ಹೋಗಬಹುದು.

ಗದ್ವಾಲದ ಗೆಳೆಯರೊಬ್ಬರು ಗ್ರಾಚ್ಯುಟಿ ಕಾಯ್ದೆಯ 10 ಶೇಕಡಾ ನಮಗೂ ಸಿಗುತ್ತದೆ ಎಂದು ಕಾರ್ಮಿಕ ಇಲಾಖೆಗೆ ಹೊರಟಿದ್ದರು. ತಡೆದೆ. 2025ರವರೆಗೆ ಜಾರಿಯಲ್ಲಿದ್ದ 1972ರ ಆ ಕಾಯ್ದೆ ಸ್ವಂತ ಪಿಂಚಣಿ ನಿಯಮವಿರುವ ರಾಜ್ಯ ಸರ್ಕಾರಿ ನೌಕರರಿಗೆ ಅನ್ವಯಿಸುತ್ತಿರಲಿಲ್ಲ. ನಮ್ಮ ದಾರಿ ಹೈದರಾಬಾದಿನ ಹೈಕೋರ್ಟು, ರಿಟ್ ಅರ್ಜಿ. ಅಲ್ಲಿಗೆ ಹೋಗುವ ಮುನ್ನ ಇಲಾಖೆಗೆ ಬರೆದು ಕೇಳಿದ ಕಾಗದ ಕೈಯಲ್ಲಿರಲಿ: ನಿವೃತ್ತಿಯ ದಿನ, ಪಿಂಚಣಿ ಆದೇಶದ ನಂಬರ್, ಟೋಕನ್ ನಂಬರ್, ಬಾಕಿ ಎಷ್ಟು, ಬಡ್ಡಿ ಯಾವ ದರದಲ್ಲಿ. ಮೂರು ವರ್ಷ ದಾಟಿಸಬೇಡಿ. ಅಸಲು ಬಂದಾಗ ‘ಇನ್ನೇನೂ ಬಾಕಿ ಇಲ್ಲ’ ಎಂಬ ಮುಚ್ಚಳಿಕೆಗೆ ಕಣ್ಣುಮುಚ್ಚಿ ಸಹಿ ಹಾಕಬೇಡಿ. ‘ಬಡ್ಡಿಯ ಹಕ್ಕು ಕಾಯ್ದಿರಿಸಿದೆ’ ಎಂದು ಒಂದು ಸಾಲು ಸೇರಿಸಿ. ಇನ್ನೊಂದು ಮಾತು, ಸರ್ಕಾರಿ ನೌಕರನ ಗ್ರಾಚ್ಯುಟಿಗೆ ತೆರಿಗೆ ಇಲ್ಲ, ಆದರೆ ತಡಕ್ಕೆ ಸಿಗುವ ಬಡ್ಡಿಗೆ ಇದೆ.

ಕಳೆದ ತಿಂಗಳು ನಾರಾಯಣಪೇಟೆಯಲ್ಲಿ ಅರ್ಜಿ ಟೈಪ್ ಮಾಡಿಸಿ ಎರಡು ಪ್ರತಿ ಒಯ್ದೆ. ಅದೇ ಹುಡುಗ ಓದಿ ತಲೆ ಎತ್ತಿದ. “ಬಡ್ಡೀನೂ ಕೇಳ್ತೀರೇನ್ ಸರ್?”

“ಹ್ಞೂಂ. ಹನ್ನೆರಡು.”

ಸೀಲು ಒತ್ತಿದ. ಚಹಾ ಬಂತು. ತಾರೀಕು ಮಸಕಾಗಿತ್ತು. ಇನ್ನೊಮ್ಮೆ ಒತ್ತಪ್ಪ ಎಂದೆ.